ಜೇನುಹುಳಗಳಿಗೆ ಹೇಳಿದ ಸುಳ್ಳು

ಯಾರಿಗೆ ಬೇಕಾದರೂ ಸುಳ್ಳು ಹೇಳಬಹುದು, ಜೇನುಹುಳಗಳಿಗೆ ಹೇಳಬಾರದು. ಇದು ನಮ್ಮಪ್ಪ ಕಲಿಸಿದ್ದು. ನಾನು ಪಾದ್ರಿಗೆ ಸುಳ್ಳು ಹೇಳಿದ್ದೇನೆ, ತೆರಿಗೆಯವನಿಗೆ ಹೇಳಿದ್ದೇನೆ, ನನ್ನ ತಮ್ಮ ಎಬೆನ್‌ಗಂತೂ ವಾರಕ್ಕೆ ಎರಡು ಸಲವಾದರೂ ಹೇಳುತ್ತೇನೆ. ಇಲ್ಲದಿದ್ದರೆ ಆ ಮನುಷ್ಯನ ಜೊತೆ ಒಂದೇ ಸೂರಿನಡಿ ಬಾಳುವುದು ಯಾರ ಕೈಲಾಗುತ್ತದೆ? ಅರವತ್ತೆರಡು ವರ್ಷದಲ್ಲಿ ಹುಳಗಳಿಗೆ ಹೇಳಿದ್ದು ಒಂದೇ ಒಂದು ಸುಳ್ಳು. ಅದನ್ನೂ ನಿಜವೆಂದು ನಂಬಿಯೇ ಹೇಳಿದೆ.

ಬಾಸ್ಟನ್ನಿನಿಂದ ಒಂದು ದಿನದ ದಾರಿಯ ನಮ್ಮ ವೆಸ್ಟ್ ಹೋಬಾರ್ಟಿನ ಗುಡ್ಡದ ಮನೆಗಳಲ್ಲಿ ಸಾವಾದರೆ ಮೊದಲು ಸುದ್ದಿ ಹೋಗಬೇಕಾದದ್ದು ಜೇನುಪೆಟ್ಟಿಗೆಗಳಿಗೆ, ಆಮೇಲೆ ಪಾದ್ರಿಗೆ. ಮನೆಬಾಗಿಲ ಬೀಗದ ಕೈ ತೆಗೆದುಕೊಂಡು ಒಂದೊಂದು ಪೆಟ್ಟಿಗೆಗೂ ಮೂರು ಸಲ ತಟ್ಟಬೇಕು. ಸತ್ತವರು ಯಾರು, ಮನೆಗೆ ಏನಾಗಬೇಕು ಎಂದು ಹೇಳಬೇಕು. ‘ನೀವು ಮಾತ್ರ ಮನೆ ಬಿಟ್ಟು ಹೋಗಬೇಡಿ’ ಅನ್ನಬೇಕು. ಪೆಟ್ಟಿಗೆಗೆ ಕಪ್ಪು ಬಟ್ಟೆಯ ಪಟ್ಟಿ ಕಟ್ಟಿ ಕಿವಿಯಿಟ್ಟು ಕೇಳಬೇಕು. ಒಳಗಿಂದ ಗುಂಯ್ ಎಂದರೆ ಒಪ್ಪಿಕೊಂಡವು ಎಂದರ್ಥ. ಹೇಳದೆ ಬಿಟ್ಟರೆ ಹುಳಗಳು ಸಾಯುತ್ತವೆ, ಇಲ್ಲವೇ ಎದ್ದು ಹೋಗುತ್ತವೆ. ಅಪ್ಪ ಹೋದಾಗ ನಾನೇ ಹೇಳಿದೆ. ಎಬೆನ್‌ನ ಹೆಂಡತಿ ಹೋದಾಗಲೂ ನಾನೇ. ಆಗ ಅವಳ ಮಗ ಓರಿನ್‌ಗೆ ನಾಲ್ಕು ವರ್ಷ. ನನ್ನ ಲಂಗ ಹಿಡಿದುಕೊಂಡು ಪೆಟ್ಟಿಗೆಯಿಂದ ಪೆಟ್ಟಿಗೆಗೆ ನನ್ನ ಹಿಂದೆಯೇ ಬಂದ. ಅಲ್ಲಿಂದಾಚೆ ಅವನನ್ನು ಸಾಕಿದವಳು ನಾನು. ಮದುವೆಯಾಗದ ಅತ್ತೆಗೆ ಇನ್ನೇನು ಕೆಲಸ ಎಂದು ಊರವರು ಅಂದುಕೊಂಡರು, ನಾನೂ ಹಾಗೇ ಅಂದುಕೊಂಡೆ.

ಓರಿನ್ ಸೈನ್ಯ ಸೇರಿ ಫಿಲಿಪೀನ್ಸಿಗೆ ಹೋದದ್ದು ಸಾವಿರದ ಎಂಟುನೂರ ತೊಂಬತ್ತೊಂಬತ್ತರ ಬೇಸಿಗೆಯಲ್ಲಿ. ನಾನು ಬೇಡವೇ ಬೇಡ ಎಂದು ಹಟ ಹಿಡಿದೆ. ಬಾಸ್ಟನ್ನಿನಲ್ಲಿ ಒಂದು ಸಂಘ ಕಟ್ಟಿದ್ದರು: ಸಮುದ್ರದಾಚೆಯವರ ನೆಲ ನಮಗೆ ಬೇಡ, ರಾಜರ ಕೈಯಿಂದ ಬಿಡಿಸಿಕೊಂಡ ದೇಶ ಇನ್ನೊಬ್ಬರಿಗೆ ರಾಜನಾಗಬಾರದು ಅನ್ನುವವರ ಸಂಘ. ಅವರ ಕರಪತ್ರಗಳಿಗೆ ನಾನು ಮನೆಯಲ್ಲಿ ಕುಳಿತು ವಿಳಾಸ ಬರೆದುಕೊಡುತ್ತಿದ್ದೆ. ಎಬೆನ್‌ಗೆ ಅದನ್ನು ಕಂಡರೆ ಮೈಯೆಲ್ಲ ಉರಿ. ಅವನು ಹಳೆಯ ಯುದ್ಧದಲ್ಲಿ, ಗುಲಾಮರನ್ನು ಬಿಡಿಸಿದ ಯುದ್ಧದಲ್ಲಿ, ಹತ್ತೊಂಬತ್ತನೆಯ ವಯಸ್ಸಿಗೇ ಹೋಗಿ ಕಾಲಿಗೆ ಗುಂಡು ತಿಂದು ಬಂದವನು.

"ನಾನು ಜನರನ್ನ ಬಿಡಿಸೋಕೆ ಹೋಗಿದ್ದೆ. ನನ್ನ ಮಗನೂ ಅದಕ್ಕೇ ಹೋಗ್ತಿದಾನೆ," ಎಂದ.

"ಅಲ್ಲಿ ಆಳ್ತಿದ್ದ ಸ್ಪೇನಿನವರು ಬಿಟ್ಟು ಹೋಗಿ ಆಯ್ತಲ್ಲೋ. ಇನ್ನು ಯಾರಿಂದ ಬಿಡಿಸ್ತೀರಿ? ಅವರನ್ನ ಅವರಿಂದಲೇನಾ?"

"ಅಕ್ಕಾ, ನಿನ್ನ ಬಾಸ್ಟನ್ ಮುದುಕರ ಮಾತು ನನ್ನ ಹತ್ರ ಬೇಡ. ಹೋಗಿ ಬೀನ್ಸ್ ಮಡಕೆ ನೋಡು, ಸೀದು ಹೋಗ್ತಿದೆ."

ಸೀದದ್ದು ನಿಜವೇ. ಅದಕ್ಕೇ ನನಗೆ ಇನ್ನಷ್ಟು ಸಿಟ್ಟು ಬಂತು.

ಮುಂದಿನ ವಸಂತದಲ್ಲಿ ಓರಿನ್‌ನ ಒಂದು ಕಾಗದ ಬಂತು. ಅಪ್ಪನಿಗಲ್ಲ, ನನಗೆ. ಪನಾಯ್ ದ್ವೀಪದಲ್ಲಿ ಒಂದು ಊರನ್ನು ಸುಡಲು ಅಪ್ಪಣೆಯಾಯಿತು, ಸುಟ್ಟೆವು, ಒಂದು ಮನೆಯಲ್ಲಿ ಹನ್ನೊಂದು ಜನ ಇದ್ದರು ಎಂದು ಬರೆದಿದ್ದ. ಕೆಳಗೆ, ‘ಅತ್ತೆ, ಇದನ್ನು ಯಾರಿಗಾದರೂ ಹೇಳದೆ ಇರಲಾಗಲಿಲ್ಲ’ ಎಂದಿತ್ತು. ನಾನು ಏನು ಮಾಡಿದೆ? ಅವನನ್ನು ಒಂದು ಮಾತು ಕೇಳದೆ ಕಾಗದವನ್ನು ಸಂಘಕ್ಕೆ ಕಳಿಸಿದೆ. ಅವರು ಹೆಸರು, ಊರು ಸಮೇತ ಅಚ್ಚು ಹಾಕಿಸಿದರು. ಆಗ ನಾನು ನ್ಯಾಯಕ್ಕಾಗಿ ಹೋರಾಡುತ್ತಿದ್ದೇನೆ ಎಂದು ಬೀಗಿದ್ದೆ. ಆ ಹೋರಾಟದ ಏಟು ಬಿದ್ದದ್ದು ಹುಡುಗನ ಬೆನ್ನಿಗೆ.

ಮೂರು ತಿಂಗಳಿಗೆ ಇನ್ನೊಂದು ಕಾಗದ ಪತ್ರಿಕೆಗಳಲ್ಲಿ ಬಂತು. ‘ನಾನು ಬರೆದದ್ದು ನಿಜವಲ್ಲ. ಮನೆಯವರು ಬೆರಗಾಗಲಿ ಎಂದು ಕಟ್ಟಿದ ಕತೆ. ಆ ಮಾತನ್ನು ಹಿಂದಕ್ಕೆ ತೆಗೆದುಕೊಂಡಿದ್ದೇನೆ. ಓರಿನ್ ಪೀಸ್ಲಿ.’ ಅವನ ಕ್ಯಾಪ್ಟನ್ ಮುಂದೆ ನಿಲ್ಲಿಸಿಕೊಂಡು ಬರೆಸಿದ್ದು ಅದು. ಓದಿದ ಯಾರಿಗಾದರೂ ತಿಳಿಯುತ್ತದೆ. ನಮ್ಮ ಓರಿನ್‌ಗೆ ಕತೆ ಕಟ್ಟಲು ಎಲ್ಲಿ ಬರುತ್ತದೆ? ಆದರೆ ಎಬೆನ್ ಆ ಕಾಗದವನ್ನು ಪತ್ರಿಕೆಯಿಂದ ಕತ್ತರಿಸಿ ಚೌಕಟ್ಟು ಹಾಕಿಸಿ ಗೋಡೆಗೆ ತೂಗುಹಾಕಿದ. ಅಂಗಡಿಗೆ ಹೋದರೆ ನನಗೆ ಗೇಲಿ: "ಕೆಜಾಯಾ, ಇವತ್ತು ನಿಮ್ಮ ಹುಡುಗ ಎಷ್ಟು ಊರು ಸುಟ್ಟ?" ನಾನು ಉಪ್ಪು ಕಟ್ಟಿಸಿಕೊಂಡು ತಲೆ ತಗ್ಗಿಸಿ ಬರುತ್ತಿದ್ದೆ.

ಆ ಡಿಸೆಂಬರಿನಲ್ಲಿ ಪತ್ರಿಕೆಯವರು ಹಾಕಿದ ಸತ್ತವರ ಹೆಸರುಗಳಲ್ಲಿ ‘ಓ. ಪೀಸ್ಲಿ’ ಇತ್ತು. ಎಬೆನ್ ಕುರ್ಚಿಯಿಂದ ಏಳಲಿಲ್ಲ. ಹಿಮ ತುಳಿದುಕೊಂಡು ನಾನೇ ಹೋದೆ. ಹನ್ನೆರಡು ಪೆಟ್ಟಿಗೆ. ಒಂದೊಂದಕ್ಕೂ ಮೂರು ಸಲ ತಟ್ಟಿ, ‘ಹುಳಗಳೇ, ಈ ಮನೆಯ ಮಗ ಓರಿನ್ ತೀರಿಕೊಂಡ, ನೀವು ಮಾತ್ರ ಮನೆ ಬಿಟ್ಟು ಹೋಗಬೇಡಿ’ ಎಂದೆ. ಹನ್ನೆರಡು ಪಟ್ಟಿ ಕಟ್ಟಿದೆ. ಅಂಥ ಚಳಿಯಲ್ಲೂ ಹನ್ನೆರಡೂ ಪೆಟ್ಟಿಗೆ ಒಳಗಿಂದ ಗುಂಯ್ ಎಂದವು. ಅಲ್ಲೇ ಹಿಮದಲ್ಲಿ ಕುಳಿತು ಅತ್ತುಬಿಟ್ಟೆ.

ಹತ್ತು ದಿನದ ಮೇಲೆ ತಂತಿ ಬಂತು. ಸತ್ತವನು ನ್ಯೂ ಹ್ಯಾಂಪ್‌ಶೈರಿನ ಓಟಿಸ್ ಪೀಸ್ಲಿಯಂತೆ. ನಮ್ಮವನು ಜೀವಂತ.

ಎಬೆನ್ ಚರ್ಚಿನ ಗಂಟೆ ಹೊಡೆಸಿದ. ನಾನು ಓಡಿ ಹೋಗಿ ಪಟ್ಟಿಗಳನ್ನೆಲ್ಲ ಬಿಚ್ಚಿದೆ. ಬಿಚ್ಚಿದ ಮೇಲೆ ಸುಮ್ಮನೆ ನಿಂತುಬಿಟ್ಟೆ. ಏನು ಹೇಳಬೇಕು? ಹುಟ್ಟಿಗೆ ಹೇಳುವ ಮಾತಿದೆ, ಮದುವೆಗಿದೆ, ಸಾವಿಗಿದೆ. ಹೇಳಿದ ಸಾವನ್ನು ಹಿಂದಕ್ಕೆ ತೆಗೆದುಕೊಳ್ಳುವ ಮಾತು ನಮ್ಮಪ್ಪ ಕಲಿಸಿರಲಿಲ್ಲ, ಅವರಪ್ಪ ಅವರಿಗೂ ಕಲಿಸಿರಲಿಕ್ಕಿಲ್ಲ. ಏನೂ ಹೇಳದೆ ಒಳಗೆ ಬಂದೆ. ಹನ್ನೆರಡು ಪಟ್ಟಿಯನ್ನೂ ಮಡಿಸಿ ನನ್ನ ಸಂದೂಕದಲ್ಲಿಟ್ಟು ಬೀಗ ಹಾಕಿದೆ. ಆ ಬೀಗದ ಕೈ ನನ್ನ ಕೊರಳಲ್ಲೇ ಇರುತ್ತದೆ.

ಓರಿನ್ ಬಂದದ್ದು ಮೇ ಹದಿನೆಂಟು, ಶನಿವಾರ. ಸೇಬಿನ ಮರಗಳೆಲ್ಲ ಹೂ ಬಿಟ್ಟಿದ್ದವು, ತೋಟದ ತುಂಬ ಹುಳಗಳ ಮೊರೆತ. ಸ್ಟೇಷನ್ನಿನಿಂದ ಎಬೆನ್ ಅವನನ್ನು ಬಂಡಿಯಲ್ಲಿ ಕರೆತಂದ. ಹುಡುಗ ಇಳಿದು ತೋಟದ ಕಲ್ಲುಗೋಡೆ ದಾಟಿ ನನ್ನ ಕಡೆಗೆ ಬರುತ್ತಿದ್ದ. ಆಗ ಮೊರೆತ ನಿಂತಿತು. ಕಡಿಮೆಯಾದದ್ದಲ್ಲ, ಒಮ್ಮೆಗೇ ನಿಂತದ್ದು. ಹೂವಿನ ಮೇಲಿದ್ದ ಹುಳಗಳು ಹೂವಿನ ಮೇಲೇ ಕುಳಿತವು. ಅವನ ಬೂಟಿನ ಸದ್ದೊಂದೇ ಕೇಳುತ್ತಿತ್ತು.

"ಅತ್ತೆ," ಎಂದ. ತಬ್ಬಿಕೊಂಡೆ. ಬಿಸಿಲಲ್ಲಿ ಬಂದವನ ಮೈ ನೆಲಮಾಳಿಗೆಯ ಗೋಡೆಯಷ್ಟು ತಣ್ಣಗಿತ್ತು.

"ಏನೋ ಇದು, ಜ್ವರ ಬಂದು ಇಳಿದಿದೆಯಾ?"

"ಚೆನ್ನಾಗಿದೀನಿ ಅತ್ತೆ. ಹಸಿವಿಲ್ಲ ಅಷ್ಟೇ."

ನಮ್ಮ ಕಡೆ ಶನಿವಾರ ರಾತ್ರಿ ತಪ್ಪದೆ ಮಾಡುವ ಬೀನ್ಸಿಗೆ ಹಸಿವಿಲ್ಲ ಎಂದ ಓರಿನ್‌ನನ್ನು ನಾನು ಅದುವರೆಗೆ ಕಂಡಿರಲಿಲ್ಲ.

ಮಾರನೆಯ ದಿನ ಚರ್ಚಿನಿಂದ ಬಂದು ನೋಡುತ್ತೇನೆ, ಮೊದಲನೆಯ ಪೆಟ್ಟಿಗೆಗೆ ಕಪ್ಪು ಪಟ್ಟಿ. ನನ್ನದೇ ಪಟ್ಟಿ, ಅಂಚು ಹೊಲಿದ ದಾರ ನಾನು ಗುರುತು ಹಿಡಿಯುವುದಿಲ್ಲವೇ? ಒಳಗೆ ಹೋಗಿ ಸಂದೂಕ ತೆಗೆದೆ. ಬೀಗ ಹಾಕಿದಂತೆಯೇ ಇತ್ತು. ಒಳಗೆ ಎಣಿಸಿದರೆ ಹನ್ನೊಂದು.

ಎಬೆನ್‌ನ ಮೇಲೆ ಹರಿಹಾಯ್ದೆ. ಅವನು ನನ್ನ ಮೇಲೆ ಹರಿಹಾಯ್ದ.

"ಇದು ನಿನ್ನ ಸಂಘದ ಆಟ ಅಲ್ವಾ ಅಕ್ಕ? ಮಗ ಮನೆಗೆ ಬಂದ ಮಾರನೇ ದಿನವೇ ಸೂತಕದ ಬಟ್ಟೆ ಕಟ್ತೀಯಲ್ಲ, ನಾಚಿಕೆ ಆಗಲ್ವಾ?"

"ನಾನು ಕಟ್ಟಿದ್ರೆ ನನ್ನ ಕೈ ಸೇದಿಹೋಗಲಿ! ನಿನ್ನ ಪಕ್ಕದಲ್ಲೇ ಚರ್ಚಿನ ಬೆಂಚ್ ಮೇಲೆ ಕೂತಿದ್ದೆನಲ್ಲೋ, ನಿದ್ದೆ ಹೊಡೀತಿದ್ದವನಿಗೆ ಹೇಗೆ ಗೊತ್ತಾಗ್ಬೇಕು?"

ಪಟ್ಟಿ ಬಿಚ್ಚಲು ನೋಡಿದೆ. ಗಂಟು ಬಿಚ್ಚಲಿಲ್ಲ. ಕತ್ತರಿ ತಂದೆ, ಬಟ್ಟೆಯ ಮೇಲೆ ಕತ್ತರಿ ಜಾರಿತು. ಸೋಮವಾರ ಮಧ್ಯಾಹ್ನದೊಳಗೆ ಎರಡನೆಯ ಪೆಟ್ಟಿಗೆಗೆ ಪಟ್ಟಿ, ಸಂದೂಕದಲ್ಲಿ ಹತ್ತು. ಮಂಗಳವಾರ ಮೂರನೆಯದಕ್ಕೆ. ಎಲ್ಲವೂ ಹಾಡುಹಗಲಲ್ಲಿ, ನಾನು ಹಿಟ್ಟು ನಾದುತ್ತಲೋ ಬಟ್ಟೆ ಹಿಂಡುತ್ತಲೋ ಕಿಟಕಿಗೆ ಬೆನ್ನು ಮಾಡಿದ ಒಂದು ಗಳಿಗೆಯಲ್ಲಿ.

ಒಂದೊಂದು ಪಟ್ಟಿ ಬಿದ್ದಂತೆ ಓರಿನ್ ಒಂದೊಂದು ಚೂರು ಕಡಿಮೆಯಾಗುತ್ತಿದ್ದ. ಬೇರೆ ರೀತಿ ಹೇಳಲು ನನಗೆ ಬಾರದು. ನಮ್ಮ ಮಹಡಿಯ ಮೂರನೆಯ ಮೆಟ್ಟಿಲು ಬೆಕ್ಕು ಹತ್ತಿದರೂ ಕಿರುಗುಟ್ಟುತ್ತದೆ. ನಲವತ್ತು ವರ್ಷದಿಂದ ಎಬೆನ್ ಅದನ್ನು ಸರಿಮಾಡುತ್ತೇನೆ ಎನ್ನುತ್ತಲೇ ಇದ್ದಾನೆ. ಬುಧವಾರದಿಂದ ಓರಿನ್ ಹತ್ತಿದರೆ ಅದು ಕಿರುಗುಟ್ಟಲಿಲ್ಲ. ಜೋಳದ ರೊಟ್ಟಿಗೆ ಉಪ್ಪು ಹಾಕಲು ಮರೆತಿದ್ದೆ, ಎಬೆನ್ ಥೂ ಎಂದ, ಓರಿನ್ ಸುಮ್ಮನೆ ಅಗಿದು ನುಂಗಿದ. ಇನ್ನು ಹುಳಗಳ ವಿಷಯ. ಅವನು ಕೈಗೆ ಬಟ್ಟೆ ಸುತ್ತದೆ, ಹೊಗೆ ಹಾಕದೆ, ಪೆಟ್ಟಿಗೆ ತೆಗೆದು ಮೊಣಕೈವರೆಗೆ ಕೈಯಿಳಿಸಿದ. ಒಂದೂ ಕಚ್ಚಲಿಲ್ಲ. ಬೇಲಿಯ ಕಂಬದ ಮೇಲೆ ನಡೆದಾಡುವಂತೆ ಅವನ ಕೆನ್ನೆ, ತುಟಿ, ಕಣ್ಣುರೆಪ್ಪೆಯ ಮೇಲೆಲ್ಲ ನಡೆದಾಡಿದವು. ಅವನು ರೆಪ್ಪೆ ಬಡಿಯಲಿಲ್ಲ.

"ನೋಡಿದ್ಯಾ, ಸಿಪಾಯಿ ಚರ್ಮ!" ಎಂದು ಎಬೆನ್ ನಕ್ಕ.

ನನಗೆ ನಗು ಬರಲಿಲ್ಲ. ಕಚ್ಚಿದ ಹುಳ ಸಾಯುತ್ತದೆ. ಜೀವವಿರುವವರ ಮೇಲಲ್ಲದೆ ಅದು ತನ್ನ ಮುಳ್ಳನ್ನು ಖರ್ಚು ಮಾಡುವುದಿಲ್ಲ. ಈ ಹುಳಗಳಿಗೆ ಓರಿನ್ ಸತ್ತನೆಂದು ಹೇಳಿದವಳು ನಾನು. ಅವು ನನ್ನ ಮಾತು ನಂಬಿದ್ದವು. ಹನ್ನೆರಡನೆಯ ಪಟ್ಟಿ ಬಿದ್ದ ದಿನ ಆ ಮಾತು ಪೂರ್ತಿಯಾಗುತ್ತದೆ ಎಂದು ನನಗೆ ಹೊಳೆಯಿತು. ಲೆಕ್ಕ ಹಾಕಿದೆ: ಮೇ ಮೂವತ್ತು. ಸಿಪಾಯಿಗಳ ಸಮಾಧಿಗಳಿಗೆ ಹೂವಿಡುವ ದಿನ.

ಅದೇ ಮಧ್ಯಾಹ್ನ ಮನೆಬಾಗಿಲ ಬೀಗದ ಕೈ ಹಿಡಿದುಕೊಂಡು ತೋಟಕ್ಕೆ ಹೋದೆ. ಒಂದೊಂದು ಪೆಟ್ಟಿಗೆಗೂ ತಟ್ಟಿ, "ನಾನು ಹೇಳಿದ್ದು ತಪ್ಪು, ಓರಿನ್ ಬದುಕಿದ್ದಾನೆ. ಆ ಮಾತನ್ನ ಹಿಂದಕ್ಕೆ ತೊಗೊಂಡಿದೀನಿ, ಕೇಳಿಸ್ತಾ?" ಎಂದೆ. ಕಿವಿಯಿಟ್ಟೆ. ಸದ್ದಿಲ್ಲ. ಒಳಗೆ ಸಾವಿರಾರು ಹುಳ ಉಸಿರು ಬಿಗಿಹಿಡಿದು ಕುಳಿತ ಹಾಗಿತ್ತು. ‘ಹಿಂದಕ್ಕೆ ತೊಗೊಂಡಿದೀನಿ’ ಎಂದಾಗ ನನ್ನ ಕಿವಿಗೇ ಗೋಡೆಯ ಮೇಲಿನ ಆ ಚೌಕಟ್ಟಿನ ಕಾಗದ ಓದಿದಂತೆ ಕೇಳಿಸಿತು. ಅದನ್ನು ನಾನೇ ನಂಬಿರಲಿಲ್ಲ, ಇನ್ನು ಹುಳಗಳು ನನ್ನನ್ನು ಯಾಕೆ ನಂಬಿಯಾವು?

ಶುಕ್ರವಾರ ಡೀಕನ್ ಪರ್ಲಿ ಬಂದರು. ಚರ್ಚಿನ ಹಿರಿಯರು, ಹೂವಿಡುವ ದಿನದ ಏರ್ಪಾಡೆಲ್ಲ ಅವರದೇ. ಅವರು ಬಾಗಿಲು ತಟ್ಟಿದರು, ಮೂರು ಸಲ. ಓರಿನ್ ಕೈಯಲ್ಲಿದ್ದ ಬೋಗುಣಿ ಕೆಳಗೆ ಬಿದ್ದು ಚೂರಾಯಿತು. ಅವನು ಗೋಡೆಗೆ ಬೆನ್ನು ಒತ್ತಿ ನಿಂತುಬಿಟ್ಟಿದ್ದ.

ಡೀಕನ್ ಕುಳಿತರು, ಸೇಬಿನ ಪೈ ತಿಂದರು, ಇನ್ನೊಂದು ತುಂಡು ಹಾಕಿಸಿಕೊಂಡರು, ಆಮೇಲೆ ವಿಷಯಕ್ಕೆ ಬಂದರು.

"ಓರಿನ್, ಗುರುವಾರ ನೀನು ವೇದಿಕೆ ಮೇಲೆ ಬಂದು ನಾಲ್ಕು ಮಾತಾಡ್ಬೇಕಪ್ಪ. ಜಾಸ್ತಿ ಬೇಡ. ಆ ಕಾಗದ ಸುಳ್ಳು, ನಮ್ಮ ಹುಡುಗರು ಅಂಥವರಲ್ಲ ಅಂತ ನಿನ್ನ ಬಾಯಿಂದ್ಲೇ ಬಂದ್ರೆ ಸಾಕು. ಬಾಸ್ಟನ್‌ನವರ ಬಾಯಿ ಮುಚ್ಚುತ್ತೆ." ನನ್ನ ಕಡೆ ತಿರುಗಿ, "ಕೆಜಾಯಾ, ಬೇಜಾರು ಮಾಡ್ಕೋಬೇಡಿ" ಎಂದರು.

"ನನಗೇನು ಬೇಜಾರು ಡೀಕನ್ನರೇ, ಪೈ ಮುಗೀತಲ್ಲ ಅಂತ ಅಷ್ಟೇ," ಎಂದೆ.

ಓರಿನ್ ತನ್ನ ಅಪ್ಪನನ್ನು ನೋಡಿದ. ಎಬೆನ್ ಚೌಕಟ್ಟಿನ ಕಡೆ ನೋಡುತ್ತಿದ್ದ. ಮುಖದಲ್ಲಿ ಅಂಥ ಹೆಮ್ಮೆ, ನೋಡಿದರೆ ಅಯ್ಯೋ ಅನ್ನಿಸಬೇಕು. "ಆಗ್ಲಿ," ಎಂದ ಓರಿನ್. ಆ ಹೊತ್ತಿಗೆ ಆರನೆಯ ಪೆಟ್ಟಿಗೆಗೆ ಪಟ್ಟಿ ಬಿದ್ದಿತ್ತು.

ಬುಧವಾರ ಹನ್ನೊಂದನೆಯದಕ್ಕೆ ಬಿತ್ತು. ಸಂದೂಕದಲ್ಲಿ ಉಳಿದದ್ದು ಒಂದೇ. ಅದನ್ನು ಕೈಯಲ್ಲಿ ಹಿಡಿದು ಹಾಸಿಗೆಯ ಮೇಲೆ ಕುಳಿತಾಗ, ಸಂದೂಕದ ತಳದಲ್ಲಿದ್ದ ಸಂಘದ ಕರಪತ್ರ ಕಣ್ಣಿಗೆ ಬಿತ್ತು. ಓರಿನ್‌ನ ಕಾಗದ ಅಚ್ಚಾದ ಕರಪತ್ರ. ಎಷ್ಟೋ ಸಲ ಓದಿದ್ದೇ. ‘ಒಂದು ಮನೆಯಲ್ಲಿ ಹನ್ನೊಂದು ಜನ ಇದ್ದರು.’

ಹನ್ನೊಂದು. ಛೆ, ಇಷ್ಟು ದಿನ ಎಣಿಸುತ್ತಲೇ ಇದ್ದ ನನಗೆ ಬುದ್ಧಿ ಎಲ್ಲಿಗೆ ಹೋಗಿತ್ತು?

ಅವನು ತೋಟದ ಕಲ್ಲುಗೋಡೆಯ ಮೇಲೆ ಕುಳಿತಿದ್ದ. ಹೋಗಿ ಪಕ್ಕದಲ್ಲಿ ಕುಳಿತೆ.

"ಓರಿನ್, ಆ ಹನ್ನೊಂದು ಜನ ಯಾರೋ?"

ಒಂದು ಹುಳ ಅವನ ತೆರೆದ ಕಣ್ಣಿನ ಅಂಚಿಗೆ ಬಂದು ನಿಂತಿತು. ನಾನೇ ಕೈ ಬೀಸಿ ಓಡಿಸಿದೆ.

"ಬಾಗಿಲಿಗೆ ಹೊರಗಿಂದ ಅಗುಳಿ ಹಾಕಿದ್ದು ನಾನು, ಅತ್ತೆ. ಅದನ್ನ ಕಾಗದದಲ್ಲಿ ಬರೀಲಿಲ್ಲ. ಹಲಗೆ ಗೋಡೆ ಮನೆ. ಒಳಗೆ ಜನ ಇದಾರೆ ಅಂತ ಗೊತ್ತಿತ್ತು, ಆಮೇಲೆ ತೆಗೀತಾರೆ ಅಂದ್ಕೊಂಡೆ. ಯಾರೂ ತೆಗೀಲಿಲ್ಲ. ನಾನೂ ತೆಗೀಲಿಲ್ಲ. ಅವರು ಕೂಗಲಿಲ್ಲ. ತಟ್ಟಿದ್ರು. ನೆಂಟರ ಮನೆಗೆ ಬಂದವರು ತಟ್ತಾರಲ್ಲ, ಹಾಗೆ. ಮೂರು ಸಲ ತಟ್ಟೋದು, ಸುಮ್ಮನಾಗೋದು, ಮತ್ತೆ ಮೂರು ಸಲ. ಕೊನೆಗೆ ಒಂದೇ ಒಂದು ಸಣ್ಣ ಕೈ ತಟ್ತಾ ಇತ್ತು."

ಸಂಘದ ಕರಪತ್ರಗಳಿಗೆ ಸಾವಿರ ವಿಳಾಸ ಬರೆದಿದ್ದೆ, ಆದರೆ ಬಾಗಿಲ ಆಚೆಯ ಆ ಕೈಯನ್ನು ಒಮ್ಮೆಯೂ ಯೋಚಿಸಿರಲಿಲ್ಲ. ನನ್ನ ಮೇಲೆ ನನಗೇ ಹೇಸಿಗೆಯಾಯಿತು.

"ನಾನು ನಿನ್ನ ಸತ್ತ ಅಂತ ಹುಳಗಳಿಗೆ ಹೇಳಿಬಿಟ್ಟೆ ಕಣೋ. ಅದಕ್ಕೇ ಇದೆಲ್ಲ," ಎಂದೆ ಅಳುತ್ತ.

"ಅಲ್ಲ ಅತ್ತೆ. ನೀನು ಸಾವು ಅಂದಿದ್ದು ನಿಜವೇ, ಹೆಸರು ಮಾತ್ರ ತಪ್ಪು. ನಾನು ಬಂದ ದಿನವೇ ಅವು ಸುಮ್ಮನಾದ್ವಲ್ಲ. ಕಾಯ್ತಿವೆ. ಈ ಮನೆಯ ಸಾವು ಯಾರದು ಅಂತ ನಾನು ಹೇಳ್ಲಿ ಅಂತ."

"ಅವರು ನಮ್ಮ ಮನೆಯವರಲ್ವಲ್ಲೋ."

"ಕೊಂದವನು ಈ ಮನೆಯವನು ತಾನೆ?"

"ಹಾಗಾದ್ರೆ ಈಗ್ಲೇ ಹೇಳು. ಬಾ, ಬೀಗದ ಕೈ ಕೊಡ್ತೀನಿ."

ತಲೆಯಾಡಿಸಿದ. "ಹುಳಗಳಿಗೆ ನಿಜ ಹೇಳಿ, ನಾಳೆ ವೇದಿಕೆ ಮೇಲೆ ಅದನ್ನೇ ಸುಳ್ಳು ಅನ್ನೋಕಾಗಲ್ಲ. ಸುಳ್ಳು ಅನ್ನದೇ ಇದ್ರೆ ಅಪ್ಪ ಉಳಿಯಲ್ಲ. ಒಂದು ವರ್ಷದಿಂದ ಆ ಕಾಗದ ಹಿಡ್ಕೊಂಡೇ ಊರಲ್ಲಿ ತಲೆ ಎತ್ತಿ ತಿರುಗ್ತಿದಾರೆ."

"ನೀನು ಉಳಿಯಲ್ವಲ್ಲೋ ದಡ್ಡ!"

ಅವನು ಎದ್ದು ಒಳಗೆ ಹೋದ. ಮೂರನೆಯ ಮೆಟ್ಟಿಲು ಕಿರುಗುಟ್ಟಲಿಲ್ಲ.

ಗುರುವಾರ ಬೆಳಗ್ಗೆ ಹನ್ನೆರಡನೆಯ ಪಟ್ಟಿಯನ್ನು ನನ್ನ ಎಡ ಮಣಿಕಟ್ಟಿಗೇ ಕಟ್ಟಿಕೊಂಡೆ, ಹಲ್ಲಿನಲ್ಲಿ ಕಚ್ಚಿ ಎಳೆದು ಗಂಟು ಹಾಕಿದೆ. ನನ್ನ ಕೈ ಬಿಟ್ಟು ಅದು ಹೇಗೆ ಹೋಗುತ್ತದೋ ನೋಡೇಬಿಡೋಣ ಎಂದು. ತಿಂಡಿಯ ಮೇಜಿಗೆ ಬರುವಷ್ಟರಲ್ಲಿ ಗಂಟು ಸಡಿಲವಾಗಿತ್ತು. ಮತ್ತೆ ಬಿಗಿದೆ.

ಓರಿನ್ ಸಮವಸ್ತ್ರ ಹಾಕಿಕೊಂಡು ಕುಳಿತಿದ್ದ. ಮುಂದೆ ಬಿಸಿ ಕಾಫಿ. ಹಬೆ ಅವನ ಮೂಗಿನ ಮುಂದೆಯೇ ನೇರವಾಗಿ ಮೇಲಕ್ಕೇರುತ್ತಿತ್ತು, ಒಂದಿಷ್ಟೂ ಅಲುಗುತ್ತಿರಲಿಲ್ಲ. ನಾನು ಆ ಹಬೆಯನ್ನೇ ನೋಡಿದೆ. ಎಷ್ಟು ಹೊತ್ತು ನೋಡಿದರೂ ಅಲುಗಲಿಲ್ಲ. ಎಬೆನ್ ಎದೆಗೆ ಹಳೆಯ ಪದಕ ಚುಚ್ಚಿಕೊಳ್ಳುತ್ತ ಏನೋ ಹಾಡು ಗುನುಗುತ್ತಿದ್ದ.

ಬಾಗಿಲಿಂದ ಬೀಗದ ಕೈ ಕಿತ್ತುಕೊಂಡು ಬಂದು ಓರಿನ್‌ನ ತಟ್ಟೆಯ ಪಕ್ಕದಲ್ಲಿಟ್ಟೆ.

"ತೊಗೋ."

"ಏನಕ್ಕಾ ಅದು?" ಎಂದ ಎಬೆನ್.

"ನೀನು ಸುಮ್ನಿರು! ಓರಿನ್, ನಿಮ್ಮಪ್ಪನ ಮಾನ ಹೋದ್ರೆ ಅವನ ಜೊತೆ ಅಂಗಡಿಗೆ ನಾನು ಹೋಗ್ತೀನಿ, ಬೈಗುಳ ನಾನು ತಿಂತೀನಿ, ನನಗೆ ಅಭ್ಯಾಸ ಇದೆ. ಇನ್ನೊಂದು ಸಲ ನಿನಗೋಸ್ಕರ ಈ ಕೈಲಿ ಪಟ್ಟಿ ಕಟ್ಟಲ್ಲ. ತೊಗೋ, ಏಳು."

ಅವನು ಬೀಗದ ಕೈ ನೋಡುತ್ತ ಕುಳಿತಿದ್ದ. ಆಮೇಲೆ ತೆಗೆದುಕೊಂಡು ಎದ್ದ.

ತೋಟದಲ್ಲಿ ಒಂದು ಎಲೆ ಅಲುಗುತ್ತಿರಲಿಲ್ಲ. ಮೊದಲನೆಯ ಪೆಟ್ಟಿಗೆಯ ಮುಂದೆ ನಿಂತ. ತಟ್ಟಲು ಎತ್ತಿದ ಕೈ ಹಾಗೇ ನಿಂತಿತು. ತಟ್ಟುವ ಸದ್ದಿಗೇ ಬೆಚ್ಚುವವನು ಅವನು. ನನ್ನ ಮಣಿಕಟ್ಟಿನಲ್ಲಿ ಪಟ್ಟಿ ಜಾರಿತು. ಹಿಡಿದು ಬಿಗಿದೆ. ಕೊನೆಗೆ ತಟ್ಟಿದ. ಟಕ್, ಟಕ್, ಟಕ್.

"ಹುಳಗಳೇ. ಒಬ್ಬಳು ಅಜ್ಜಿ ತೀರಿಕೊಂಡಳು. ಹೆಸರು ಗೊತ್ತಿಲ್ಲ. ನಮಗೆ ಕುಡಿಯೋಕೆ ನೀರು ಕೊಟ್ಟಿದ್ದಳು. ನೀವು ಮಾತ್ರ ಮನೆ ಬಿಟ್ಟು ಹೋಗಬೇಡಿ."

ಪೆಟ್ಟಿಗೆಯ ಒಳಗಿಂದ ಗುಂಯ್ ಎಂದಿತು. ಹನ್ನೆರಡು ದಿನದಲ್ಲಿ ಮೊದಲ ಸಲ.

ಎರಡನೆಯದು. "ಒಬ್ಬ ಮುದುಕ. ಒಂದು ಕಾಲು ಕುಂಟು." ಗುಂಯ್. ಮೂರನೆಯದು, ನಾಲ್ಕನೆಯದು. "ಒಬ್ಬ ಹೆಂಗಸು. ಬಸುರಿ." ನಾನು ಅವನ ಹಿಂದೆಯೇ ಹೋಗುತ್ತಿದ್ದೆ, ಹಿಂದೊಮ್ಮೆ ಅವನು ನನ್ನ ಲಂಗ ಹಿಡಿದು ಬಂದ ದಾರಿಯಲ್ಲೇ, ಪಟ್ಟಿ ಬಿಗಿಯುತ್ತ, ಅದು ಸಡಿಲವಾಗುತ್ತ, ಮತ್ತೆ ಬಿಗಿಯುತ್ತ.

ಬಂಡಿ ಕಟ್ಟಿ ಎಬೆನ್ ಕೂಗಿದ: "ಓರಿನ್! ಹೊತ್ತಾಯ್ತು, ಬ್ಯಾಂಡಿನವರು ಬಂದಾಯ್ತು!" ಉತ್ತರ ಬರದಿದ್ದಕ್ಕೆ ಕುಂಟುತ್ತ ತೋಟಕ್ಕೆ ಬಂದ. ಆಗ ಓರಿನ್ ಒಂಬತ್ತನೆಯ ಪೆಟ್ಟಿಗೆಯ ಹತ್ತಿರವಿದ್ದ.

"ಒಬ್ಬ ಹುಡುಗ. ಹುಂಜವನ್ನ ಕಂಕುಳಲ್ಲಿ ಇಟ್ಕೊಂಡಿದ್ದ. ಬಿಡು ಅಂದ್ರೂ ಬಿಡಲಿಲ್ಲ. ಬಾಗಿಲಿಗೆ ಅಗುಳಿ ಹಾಕಿದ್ದು ನಾನು."

ಎಬೆನ್ ಅಲ್ಲೇ ನಿಂತ. ನಾನು ಕೈ ಎತ್ತಿ ತಡೆದೆ, ತಡೆಯುವ ಅಗತ್ಯವಿರಲಿಲ್ಲ. ನಮ್ಮ ಮನೆಯಲ್ಲಿ ಹುಟ್ಟಿದ ಯಾರೂ ಹುಳಗಳಿಗೆ ಹೇಳುವಾಗ ನಡುವೆ ಬಾಯಿ ಹಾಕುವುದಿಲ್ಲ. ಮತ್ತೆ, ಹುಳಗಳಿಗೆ ಹೇಳಿದ್ದು ಕಟ್ಟುಕತೆ ಎಂದು ಎಬೆನ್ ಕೂಡ ಅನ್ನಲಾರ. ಟೋಪಿ ತೆಗೆದು ಕೈಯಲ್ಲಿ ಹಿಡಿದುಕೊಂಡ.

ಹತ್ತು. ಹನ್ನೊಂದು. "ಒಂದು ಮಗು. ಗಂಡೋ ಹೆಣ್ಣೋ ಗೊತ್ತಿಲ್ಲ. ಕೊನೆಗೆ ತಟ್ಟಿದ್ದು ಅದೇ."

ಹನ್ನೊಂದೂ ಪೆಟ್ಟಿಗೆ ಮೊರೆಯುತ್ತಿದ್ದವು. ಹನ್ನೆರಡನೆಯದು ಮಾತ್ರ ಸುಮ್ಮನಿತ್ತು. ಓರಿನ್ ಹುಲ್ಲಿನ ಮೇಲೆ ಕುಸಿದ. ತುಟಿ ನೀಲಿಗಟ್ಟಿತ್ತು. ನನ್ನ ಮಣಿಕಟ್ಟಿನ ಗಂಟು ಪೂರ್ತಿ ಬಿಚ್ಚಿಕೊಂಡು ಪಟ್ಟಿಯ ತುದಿ ಆ ಪೆಟ್ಟಿಗೆಯ ಕಡೆಗೆ ಎಳೆಯತೊಡಗಿತು. ಗಾಳಿಯೇ ಇರಲಿಲ್ಲ. ಎರಡು ಕೈಯಲ್ಲೂ ಹಿಡಿದುಕೊಂಡು, "ಎಬೆನ್! ಹೇಳೋ! ನನ್ನ ಮಾತು ಅವು ಕೇಳಲ್ಲ, ನೀನು ಹೇಳೋ!" ಎಂದು ಕಿರುಚಿದೆ.

ನನ್ನ ತಮ್ಮ ಮಗನ ಕೈಯಿಂದ ಬೀಗದ ಕೈ ತೆಗೆದುಕೊಂಡ. ಹನ್ನೆರಡನೆಯ ಪೆಟ್ಟಿಗೆಯ ಮುಂದೆ, ಅಷ್ಟು ದೊಡ್ಡ ಮನುಷ್ಯ, ಮೊಣಕಾಲೂರಿದ. ಮೂರು ಸಲ ತಟ್ಟಿದ.

"ಹುಳಗಳೇ, ನನ್ನ ಮಗ ಬರೆದದ್ದೆಲ್ಲ ನಿಜ," ಎಂದ. "ಸುಳ್ಳು ಅಂತ ಗೋಡೆಗೆ ತೂಗುಹಾಕಿದವನು ನಾನು. ನನ್ನ ಮಗ ಕೊಲೆ ಮಾಡಿ ಬಂದಿದ್ದಾನೆ. ಆದ್ರೂ ನನ್ನ ಮಗನೇ. ಬದುಕಿದ್ದಾನೆ. ಅವನನ್ನ ಬಿಟ್ಟು ಹೋಗಬೇಡಿ."

ಪೆಟ್ಟಿಗೆ ಸುಮ್ಮನೆ ಇತ್ತು. ಆಮೇಲೆ ಅದರ ಸಣ್ಣ ಬಾಯಿಂದ ಒಂದು ಹುಳ ಹೊರಬಂತು. ಹಲಗೆಯ ಮೇಲೆ ನಿಂತಿತು, ಎದ್ದಿತು, ಒಂದು ಸುತ್ತು ಹಾಕಿ ನೇರವಾಗಿ ಓರಿನ್‌ನ ಕೈಯ ಮೇಲೆ ಕುಳಿತು ಕಚ್ಚಿತು.

"ಅಯ್ಯೋ!" ಎಂದು ಕೂಗಿದ ಅವನು. ಕೈ ಕೊಡವಿದ, ಬಾಯಿಗಿಟ್ಟುಕೊಂಡ. "ಅಯ್ಯೋ ಅತ್ತೆ, ಉರಿ! ಉರಿ!"

ನಾನು ಅಂಥ ಚೆಂದದ ಕೂಗನ್ನು ಅದುವರೆಗೆ ಕೇಳಿರಲಿಲ್ಲ. ಪಟ್ಟಿ ನನ್ನ ಕೈಯಲ್ಲಿ ಬರೀ ಹಳೆಯ ಬಟ್ಟೆಯಾಗಿ ಜೋತುಬಿತ್ತು. ಅಡುಗೆಮನೆಗೆ ಓಡಿ ಅದನ್ನು ವಿನೆಗರಿನಲ್ಲಿ ಅದ್ದಿ ತಂದು, ಮುಳ್ಳು ಕಿತ್ತು, ಊದುತ್ತಿದ್ದ ಅವನ ಕೈಗೆ ಸುತ್ತಿದೆ. ಕೈ ಬಿಸಿಯಾಗಿತ್ತು. ಅವನು ಮಗುವಿನ ಹಾಗೆ ಬಿಕ್ಕಿ ಬಿಕ್ಕಿ ಅಳುತ್ತಿದ್ದ. ಅದು ಹುಳ ಕಚ್ಚಿದ್ದಕ್ಕಲ್ಲ, ನಮಗೆ ಮೂವರಿಗೂ ಗೊತ್ತಿತ್ತು.

ಊರ ಬಯಲಿನಿಂದ ಬ್ಯಾಂಡಿನ ಸದ್ದು ಬರುತ್ತಿತ್ತು. ಎಬೆನ್ ಒಳಗೆ ಹೋದ. ಗೋಡೆಯಿಂದ ಏನೋ ಕಿತ್ತ ಸದ್ದು, ಗಾಜು ಒಡೆದ ಸದ್ದು ಕೇಳಿಸಿತು. ಹೊರಗೆ ಬಂದವನ ಎದೆಯ ಮೇಲೆ ಪದಕ ಇರಲಿಲ್ಲ. ಬಂಡಿಯ ಹತ್ತಿರ ಹೋಗಿ ಕುದುರೆಯ ಲಗಾಮು ಹಿಡಿದು ನಿಂತ. ನಮ್ಮ ಕಡೆ ನೋಡಲಿಲ್ಲ.

"ಬಂಡಿ ಹತ್ತು," ಎಂದ. "ಡೀಕನ್ ಕಾಯ್ತಿದಾರೆ. ಇಲ್ಲಿ ಹೇಳಿದ್ದನ್ನೇ ಅಲ್ಲೂ ಹೇಳು. ಒಬ್ಬರನ್ನೂ ಬಿಡಬೇಡ."

ಓರಿನ್ ಹತ್ತಿ ಕುಳಿತ. ಅವನ ಭಾರಕ್ಕೆ ಬಂಡಿ ಕಿರುಗುಟ್ಟಿತು.